ಬೆಟ್ಟದೂರಿನ ಹುಡುಗಿ, ಮನೆಯ ಮರ್ಯಾದೆ: ಓದುಗರ ಸ್ಪಂದನ

ಅರ್ಮೇನಿಯಾದ ರಾಜಧಾನಿ ಯೆರೆವಾನಿನಲ್ಲಿ ಮೆಡಿಕಲ್ ಓದುತ್ತಿರುವ ದಾವಣಗೆರೆಯ ಓದುಗನಿಗೆ ಪತ್ರಗಳು ಬರುತ್ತಲೇ ಇವೆ. ಅವನು ಮೆಚ್ಚಿದ ಹುಡುಗಿ ಅದೇ ದೇಶದ ಗೋರಿಸ್ ಕಡೆಯ ಬೆಟ್ಟದೂರಿನವಳು. ವಿಷಯ ತಿಳಿದು, ರಷ್ಯಾದಲ್ಲಿ ದುಡಿಯುವ ಅವಳ ಅಣ್ಣ ಊರಿಗೆ ಬಂದಿದ್ದಾನೆ. ‘ಓಡಿಹೋಗಿ ಮದುವೆಯಾಗಲೇ?’ ಎಂದು ಈ ಓದುಗ ನಮಗೆ ಬರೆದು ಕೇಳಿದ್ದ.

ಒಬ್ಬ ತಂದೆ, ಹಾವೇರಿ
ನಿಮ್ಮಪ್ಪ ಸಾಲ ಮಾಡಿ ಕಳಿಸಿದ್ದು ಡಾಕ್ಟರಾಗೋಕೆ. ಮೊದಲು ಪರೀಕ್ಷೆ ಪಾಸು ಮಾಡಪ್ಪ.

ಹೆಸರು ಬೇಡ, ಮೈಸೂರು
ತಮ್ಮಾ, ನಾನೂ ಅಲ್ಲೇ ಓದಿದವಳು. ನಾನು ಇಷ್ಟಪಟ್ಟವನು ಲೋರಿ ಕಡೆಯ ಹಳ್ಳಿಯವನು. ಅವನ ಮನೆಯವರು ನನ್ನನ್ನು ಬೈಯಲಿಲ್ಲ, ಬೈದಿದ್ದರೆ ಚೆನ್ನಾಗಿತ್ತು. ಅವನ ತಾಯಿ ಲವಾಶ್ ರೊಟ್ಟಿ, ಚೀಸು ಮುಂದಿಟ್ಟು ತಿನ್ನು ತಿನ್ನು ಅಂದರು, ಕಾಫಿ ಕೊಟ್ಟರು, ಮದುವೆ ಮಾತು ಬಂದ ಕೂಡಲೇ ಎದ್ದು ಒಳಗೆ ಹೋದರು. ಬಾಯಿಬಿಟ್ಟಿದ್ದು ಅಜ್ಜಿ. 1915ರ ಅರ್ಮೇನಿಯನ್ನರ ನರಮೇಧದಲ್ಲಿ ನಮ್ಮವರು ಅಷ್ಟು ಜನ ಸತ್ತರು, ಉಳಿದವರು ದೇಶದೇಶಕ್ಕೆ ಚದುರಿದರು, ಇವನೂ ಹೊರಗಿನವಳನ್ನು ಕಟ್ಟಿಕೊಂಡು ಹೋದರೆ ಈ ಮನೆಯ ಒಲೆ ಹಚ್ಚೋರು ಯಾರು ಅಂದರು. ಅದಕ್ಕೆ ನನ್ನ ಹತ್ತಿರ ಇವತ್ತಿಗೂ ಉತ್ತರ ಇಲ್ಲ.

ಆದರೆ ಅವನು ಗಂಡು. ಊರಲ್ಲಿ ಅವನ ಹೆಸರೇನೂ ಕೆಡಲಿಲ್ಲ, ಬೇಗನೇ ಮದುವೆಯೂ ಆಯಿತು. ಮರುದಿನ ಹುಡುಗಿಯ ತವರಿಗೆ ಕೆಂಪು ಸೇಬು ಹೋಯಿತಂತೆ. ಮದುಮಗಳು ಕನ್ಯೆಯಾಗಿದ್ದಳು ಅಂತ ಗಂಡಿನ ಕಡೆಯವರು ಕಳಿಸೋ ಸೇಬು ಅದು! ಪೇಟೆಯಲ್ಲಿ ಎಷ್ಟೋ ಜನ ಈ ಪದ್ಧತಿ ಬಿಟ್ಟಿದ್ದಾರೆ, ಹಳ್ಳಿಗಳಲ್ಲಿ ಪೂರ್ತಿ ಹೋಗಿಲ್ಲ. ಅಂಥ ಕಡೆ ಹುಡುಗಿ ಒಂದು ರಾತ್ರಿ ಹೊರಗಿದ್ದಳು ಅಂದರೆ ಏನಾಗುತ್ತೆ, ಯೋಚಿಸಿದ್ದೀಯಾ? ನಾಳೆ ಏನಾದರೂ ಎಡವಟ್ಟಾದರೆ ನೀನು ವಿಮಾನ ಹತ್ತುತ್ತೀಯ. ಅವಳು ಎಲ್ಲಿಗೆ ಹೋಗಬೇಕು? ಅವಳಿಗೆ ತಂಗಿ ಇದ್ದರೆ ಅವಳನ್ನು ಯಾರು ಕೇಳಿಕೊಂಡು ಬರ್ತಾರೆ?

*ಈ ಪತ್ರಕ್ಕೆ ಕತ್ತರಿ ಹಾಕಲು ಮನಸ್ಸಾಗಲಿಲ್ಲ. ಕಾನೂನು ಬಲ್ಲವರೊಬ್ಬರು ಬೇರೆ ದಾರಿ ತೋರಿಸಿದ್ದಾರೆ.*

ವಕೀಲರು, ಬೆಂಗಳೂರು
ಓಡಿಹೋಗೋದು ಯಾಕೆ? 1969ರ ವಿದೇಶಿ ವಿವಾಹ ಕಾಯ್ದೆ ಇದೆ. ನಿಮಗೆ 21, ಅವರಿಗೆ 18 ತುಂಬಿರಬೇಕು. ಯೆರೆವಾನಿನ ನಮ್ಮ ರಾಯಭಾರ ಕಚೇರಿಯಲ್ಲಿ ವಿಚಾರಿಸಿ. ಮೊದಲು ನೋಟಿಸ್ ಕೊಡಬೇಕು, 30 ದಿನ ಆಕ್ಷೇಪಕ್ಕೆ ಸಮಯ. ನೋಟಿಸನ್ನು ಎಲ್ಲರಿಗೂ ಕಾಣುವಂತೆ ಹಚ್ಚುತ್ತಾರೆ, ಅಣ್ಣನ ಕಣ್ಣಿಗೆ ಬೀಳದಿದ್ದರೆ ಸಾಕು.

ದುಬೈನಿಂದ ಒಬ್ಬ ಅಣ್ಣ
ಎಲ್ಲರೂ ಆ ಅಣ್ಣನನ್ನೇ ವಿಲನ್ ಮಾಡಬೇಡಿ. ಮನೆ ಬಿಟ್ಟು ದೂರ ದುಡಿಯೋನಿಗೆ ಊರಿನ ಸುದ್ದಿ ಯಾವಾಗಲೂ ಕೊನೆಗೆ ತಲುಪುತ್ತೆ, ಅದೂ ಬೇರೆಯವರ ಬಾಯಿಂದ. ಸಿಟ್ಟು ಬರದೇ ಇರುತ್ತಾ? ಹೋಗಿ ಎದುರು ಕೂತು ಮಾತಾಡು.

ಗೃಹಿಣಿ, ಶಿರಸಿ
ಪತ್ರದಲ್ಲಿ ಅಣ್ಣ ಇದ್ದಾನೆ, ಊರು ಇದೆ, ನೀನು ಇದ್ದೀಯ. ಓಡಿಹೋಗೋಣ ಅಂತ ಹೇಳಿದ್ದು ಅವಳೋ ನೀನೋ?

*ನಾವೂ ಪತ್ರವನ್ನು ಮತ್ತೆ ತೆಗೆದು ನೋಡಿದೆವು, ಅದರಲ್ಲಿ ಇಲ್ಲ. ಅವನು ಕೇಳಿ ತಿಳಿದು ಬರೆದರೆ ಮುಂದಿನ ಸಂಚಿಕೆಯಲ್ಲಿ ಪ್ರಕಟಿಸುತ್ತೇವೆ. ಅವಳೇ ಬರೆದರೆ ಇನ್ನೂ ಒಳ್ಳೆಯದು. — ಸಂ.*