ನಾಳೆ ಸಂಜೆಯೊಳಗೆ ಬೋರ್ಡಿಗೆ ಒಂದು ಪದ ಬೇಕು: ಎರಡು ಕಣ್ಣು ಕೂಡಿ ದೂರ ತಿಳಿಯುವುದಕ್ಕೆ ಏನನ್ನಬೇಕು?

ಪುಣೆ, ಕೋಥರೂಡ್‌ನಿಂದ
ಎಲ್ಲರಿಗೂ ನಮಸ್ಕಾರ. ಭಾನುವಾರ ಇಲ್ಲಿ ಕಟ್ಟಡ ಕೆಲಸದವರ ಮಕ್ಕಳಿಗೆ ಕಣ್ಣಿನ ತಪಾಸಣೆ ಇದೆ. ಜಾಸ್ತಿ ಜನ ಕಲಬುರಗಿ, ಯಾದಗಿರಿ ಕಡೆಯವರು. ಮರಾಠಿ ಬೋರ್ಡಿನ ಪಕ್ಕ ಕನ್ನಡದ್ದೂ ಇರಲಿ ಅಂತ ಹಟ ಹಿಡಿದು ಒಪ್ಪಿಸಿದ್ದೇನೆ, ಈಗ ಒಂದು ಪದ ಸಿಗುತ್ತಿಲ್ಲ. ಮಗುವಿಗೆ ಒಂದೊಂದು ಕಣ್ಣಿಗೆ ಬೇರೆ ಬೇರೆ ಚಿತ್ರ ತೋರಿಸುವ ಪೋಲರಾಯ್ಡ್ ಕನ್ನಡಕ ಹಾಕಿ ದೊಡ್ಡ ನೊಣದ ಚಿತ್ರ ತೋರಿಸಿ, ರೆಕ್ಕೆ ಹಿಡಿ ಅನ್ನುತ್ತಾರೆ. ಎರಡೂ ಕಣ್ಣು ಕೂಡಿ ಕೆಲಸ ಮಾಡುತ್ತಿದ್ದರೆ ಮಗು ಹಾಳೆಗಿಂತ ಮೇಲೆ, ಗಾಳಿಯಲ್ಲಿ ಚಿವುಟುತ್ತದೆ. ಇಲ್ಲದಿದ್ದರೆ ಹಾಳೆಯನ್ನೇ ಮುಟ್ಟುತ್ತದೆ. ಮರಾಠಿಯಲ್ಲಿ ‘ಖೋಲೀ’ ಅಂತ ಬರೆದಿದ್ದಾರೆ. ಅವರಿಗೆ ಅದು ಆಳವೂ ಹೌದು, ಕೋಣೆಯೂ ಹೌದು. ನಮ್ಮವರಿಗೆ ಖೋಲಿ ಅಂದರೆ ಕೋಣೆ ಮಾತ್ರ. ‘ಆಳದ ಪರೀಕ್ಷೆ’ ಅಂದರೆ ಬಾವಿಯ ಮಾತಾಗುತ್ತದೆ.

ಡೊಂಬಿವಲಿಯಿಂದ
ಇಕ್ಕಣ್ಣೋಟ. ಒಕ್ಕಣ್ಣ ಇದ್ದಾನೆ, ಮುಕ್ಕಣ್ಣ ಇದ್ದಾನೆ, ನಡುವಿನದು ಯಾಕೆ ಇರಬಾರದು? ‘ಇರ್’ ಅಂದರೆ ಎರಡು, ಇಕ್ಕೆಲದಲ್ಲಿರುವ ಅದೇ ಇದರಲ್ಲೂ ಇದೆ. ‘ದ್ವಿನೇತ್ರ ದೃಷ್ಟಿ’ ಅಂತ ಯಾರೂ ಶುರು ಮಾಡಬೇಡಿ.

ಮಡಗಾಂವ್‌ನಿಂದ
ಪದದ ಕಟ್ಟು ಚೆನ್ನಾಗಿದೆ, ಅರ್ಥ ಕೂಡುವುದಿಲ್ಲ. ಮೊಲಕ್ಕೂ ಎರಡು ಕಣ್ಣಿವೆ. ಆದರೆ ತಲೆಯ ಎರಡು ಬದಿಗಿವೆ, ಸುತ್ತಲೂ ಹತ್ತಿರ ಹತ್ತಿರ 360 ಡಿಗ್ರಿ ಕಾಣುತ್ತದೆ, ಎರಡಕ್ಕೂ ಒಟ್ಟಿಗೆ ಕಾಣುವುದು ಮಾತ್ರ ಸಣ್ಣ ಪಟ್ಟಿ. ನಮಗೆ ಅದು ಸುಮಾರು 120 ಡಿಗ್ರಿ. ನಮ್ಮ ಕಣ್ಣುಗಳ ನಡುವೆ 6 ಸೆಂಟಿಮೀಟರಿಗಿಂತ ಸ್ವಲ್ಪ ಜಾಸ್ತಿ ಅಂತರ ಇರುವುದರಿಂದ ಒಂದೊಂದು ಕಣ್ಣಿಗೆ ಬೀಳುವ ಚಿತ್ರ ಚೂರು ಬೇರೆ, ಆ ಚೂರನ್ನೇ ಹಿಡಿದು ಮಿದುಳು ಯಾವುದು ಹತ್ತಿರ ಯಾವುದು ದೂರ ಅಂತ ಲೆಕ್ಕ ಹಾಕುತ್ತದೆ. 1838ರಲ್ಲಿ ಇಂಗ್ಲೆಂಡಿನ ವಿಜ್ಞಾನಿ ಚಾರ್ಲ್ಸ್ ವೀಟ್‌ಸ್ಟನ್ ಎರಡು ಕನ್ನಡಿ, ಎರಡು ಚಪ್ಪಟೆ ಚಿತ್ರ ಇಟ್ಟು ಇದನ್ನೇ ತೋರಿಸಿದರು. ಅವರ ಆ ಸಾಧನದ ಹೆಸರು ಸ್ಟೀರಿಯೋಸ್ಕೋಪ್, ಅದರ ‘ಸ್ಟೀರಿಯೋ’ಗೆ ಗ್ರೀಕಿನಲ್ಲಿ ಗಟ್ಟಿ, ಘನ ಅಂತ ಅರ್ಥ, ಎರಡು ಅಂತ ಅಲ್ಲ. ಒಂದೇ ಕಣ್ಣಿನಲ್ಲೂ ದೂರ ತಿಳಿಯುತ್ತದಲ್ವಾ? ಮುಂದಿನದು ಹಿಂದಿನದನ್ನು ಮರೆ ಮಾಡುತ್ತದೆ, ತಲೆ ಆಡಿಸಿದರೆ ಹತ್ತಿರದ್ದು ಜಾಸ್ತಿ ಸರಿಯುತ್ತದೆ. ಗೋಸುಂಬೆಯಂತೂ ಒಂದೊಂದು ಕಣ್ಣನ್ನು ಒಂದೊಂದು ಕಡೆ ತಿರುಗಿಸುತ್ತದೆ, ಕಣ್ಣಿನ ಫೋಕಸ್ ಎಷ್ಟು ಬದಲಾಯಿತು ಅನ್ನುವುದರಿಂದಲೇ ಹುಳುವಿನ ದೂರ ಅಳೆದು ನಾಲಿಗೆ ಚಾಚುತ್ತದೆ. ಹೆಸರಲ್ಲಿ ಕಣ್ಣಿದ್ದರೆ ಸಾಲದು, ಅಂದಾಜು ಬರಬೇಕು.

ಡೊಂಬಿವಲಿಯಿಂದ
ಅಂದಾಜು ಪಾರಸಿ. ಬೇಡ. ಊರು ಬಿಟ್ಟು ಬಂದ ನಾವು ದಿನವಿಡೀ ಮರಾಠಿ, ಹಿಂದಿಯಲ್ಲಿ ಮಾತಾಡುತ್ತೇವೆ. ಅಪರೂಪಕ್ಕೆ ಒಂದು ಕನ್ನಡ ಬೋರ್ಡು ಬಂದರೆ ಅದರಲ್ಲೂ ಸಾಲದ ಪದವೇ?

ಪುಣೆ, ಹಡಪ್ಸರ್‌ನಿಂದ
ನಮ್ಮೂರು ಯಾದಗಿರಿ ಹತ್ತಿರ. ನಮ್ಮವ್ವ ಸೂಜಿಗೆ ದಾರ ಪೋಣಿಸುವಾಗ ಹೇಳುವ ಮಾತೇ ಅದು, “ಒಂದು ಕಣ್ಣು ಮುಚ್ಚಿದ್ರ ಅಂದಾಜು ಸಿಗಂಗಿಲ್ಲ.” ಅವಳು ಶಾಲೆಗೆ ಹೋದವಳಲ್ಲ, ಪಾರಸಿ ಅಂದರೆ ಏನು ಅಂತ ಅವಳಿಗೆ ಗೊತ್ತಿಲ್ಲ. ಅವಳ ಬಾಯಲ್ಲಿರುವುದು ಕನ್ನಡ ಅಲ್ಲ ಅನ್ನುವವರ ಮೇಲೆ ನನಗೆ ನಿಜವಾಗಿಯೂ ಸಿಟ್ಟು ಬರುತ್ತದೆ. ಇನ್ನೊಂದು, ‘ನದರು’ ಅಂತ ಮಾತ್ರ ಹಾಕಬೇಡಿ. ಮಕ್ಕಳಿಗೆ ನದರು ಆಗುತ್ತದೆ, ಕೆಟ್ಟ ದೃಷ್ಟಿ ತಾಗುತ್ತದೆ ಅಂತ ತಾಯಂದಿರು ದೂರ ನಿಲ್ಲುತ್ತಾರೆ.

ಡೊಂಬಿವಲಿಯಿಂದ
ಬಳಕೆಯಲ್ಲಿದೆ ಅಂದ ಮಾತ್ರಕ್ಕೆ ಸರಿಯಾಗುವುದಿಲ್ಲ. ಇಕ್ಕಣ್ಣೋಟವನ್ನೂ ಬೋರ್ಡಿಗೆ ಹಾಕಿದರೆ ತಾನೇ ಬಳಕೆಗೆ ಬರುವುದು?

ಕೋಥರೂಡ್‌ನಿಂದ
ಸಾರ್, ನಿಮ್ಮ ಪದ ನನಗೂ ಇಷ್ಟ. ಆದರೆ ಭಾನುವಾರ ಅದನ್ನು ಬಿಡಿಸಿ ಹೇಳಲು ಬೋರ್ಡಿನ ಪಕ್ಕ ಯಾರೂ ನಿಂತಿರುವುದಿಲ್ಲ. ‘ಎರಡು ಕಣ್ಣಿನ ಅಂದಾಜು ಪರೀಕ್ಷೆ’ ಅಂತ ಕಳಿಸಿದ್ದೇನೆ, ಕೆಳಗೆ ನೊಣದ ಚಿತ್ರ ಇರುತ್ತದೆ. ಪ್ರೆಸ್ಸಿನಲ್ಲಿ ಕನ್ನಡ ಓದುವವರು ಒಬ್ಬರೂ ಇಲ್ಲ, ಒತ್ತಕ್ಷರ ಎಲ್ಲೆಲ್ಲೋ ಕೂರುತ್ತವೆ. ನಾಳೆ ಮೂರು ಗಂಟೆಗೆ ಪ್ರೂಫಿನ ಫೋಟೋ ಹಾಕುತ್ತೇನೆ, ಯಾರಾದರೂ ಒಮ್ಮೆ ನೋಡಿ ಹೇಳುತ್ತೀರಾ?