ವಿಯೆಟ್ನಾಂ ಹುಡುಗಿಯ ಹೆಸರು: ಲಿನ್ಹ್, ಲಿನ್, ಲಿಂಗ್... ಕನ್ನಡದಲ್ಲಿ ಹೇಗೆ ಬರೆಯಬೇಕು, ಅರ್ಥ ಏನು?

ತುಂಗೆದಡ

ನಮಸ್ಕಾರ. ಒಂದು ಹೆಸರಿನ ವಿಷಯ ಕೇಳಬೇಕಿತ್ತು.

ಬೆಂಗಳೂರಿನಲ್ಲಿ ನನ್ನ ಜೊತೆ ಕೆಲಸ ಮಾಡುವ ವಿಯೆಟ್ನಾಂ ಹುಡುಗಿ ಹೋದ ತಿಂಗಳು ನಾಲ್ಕು ದಿನ ನಮ್ಮೂರಿಗೆ ಬಂದಿದ್ದಳು. ಊರು ಅಂದರೆ ತೀರ್ಥಹಳ್ಳಿಯಿಂದ ಒಳಗೆ, ಬಸ್ಸು ಇಳಿದ ಮೇಲೂ ಎರಡು ಕಿಲೋಮೀಟರ್ ನಡೆಯಬೇಕು. ಅವಳ ಹೆಸರನ್ನು ಇಂಗ್ಲಿಷಿನಲ್ಲಿ ಬರೆಯುವುದು ಎಲ್, ಐ, ಎನ್, ಎಚ್. ಆಫೀಸಿನಲ್ಲಿ ಒಬ್ಬರು ಲಿನ್ಹಾ ಅಂತಾರೆ, ಇನ್ನೊಬ್ಬರು ಲಿನ್ ಅಂತಾರೆ. ಅವಳೇ ಹೇಳಿದಾಗ ನಮ್ಮ ಅಜ್ಜಿಗೆ ಕೇಳಿಸಿದ್ದು ಲಿಂಗ್. ಅಲ್ಲಿಗೆ ಮುಗೀತು. ನಾಲ್ಕು ದಿನವೂ ಅವಳು ಲಿಂಗಮ್ಮ. "ಲಿಂಗಮ್ಮ, ಇನ್ನೊಂದು ಕಡುಬು ಹಾಕ್ಲಾ?", "ಲಿಂಗಮ್ಮ, ತೋಟಕ್ಕೆ ಬರಿಗಾಲಲ್ಲಿ ಹೋಗ್ಬೇಡ, ಇಂಬಳ ಹತ್ತುತ್ತೆ."

ಅವಳೋ ಅಜ್ಜಿಯನ್ನು "ಬಾ" ಅಂತ ಕರೆಯುತ್ತಿದ್ದಳು. ಏನೋ ಬೇಕು ಅಂತ ಕರೀತಿದ್ದಾಳೆ ಅಂದುಕೊಂಡು ಅಜ್ಜಿ ಪ್ರತಿ ಸಲ ಕೈಯಲ್ಲಿದ್ದ ಕೆಲಸ ಬಿಟ್ಟು ಎದ್ದು ಹೋಗುತ್ತಿದ್ದರು, ಪಾಪ.

ಮುಂದಿನ ತಿಂಗಳು ಅವಳು ಊರಿಗೆ ವಾಪಸ್ ಹೋಗುತ್ತಿದ್ದಾಳೆ. ಸಾಗರದ ಕಡೆ ಒಬ್ಬರ ಹತ್ತಿರ ಹಸೆ ಚಿತ್ತಾರ ಬರೆಸಿ, ಕೆಳಗೆ ಅವಳ ಹೆಸರನ್ನು ಕನ್ನಡದಲ್ಲಿ ಹಾಕಿಸಿ ಕೊಡೋಣ ಅಂತಿದ್ದೇನೆ. ತಪ್ಪು ಬರೆಸಿದರೆ ಜೀವಮಾನವಿಡೀ ಅವಳ ಗೋಡೆ ಮೇಲೆ ಇರುತ್ತದೆ. ಪಾಸ್‌ಪೋರ್ಟಿನಲ್ಲಿ ಮೊದಲು ನ್ಗುಯೆನ್, ಆಮೇಲೆ ಥಿ, ಆಮೇಲೆ ಎಂ-ವೈ ಅಂತ ಎರಡೇ ಅಕ್ಷರ, ಕೊನೆಗೆ ಲಿನ್ಹ್. ಇದರಲ್ಲಿ ಅವಳ ಹೆಸರು ಯಾವುದು, ಅಪ್ಪನದು ಯಾವುದು? ಅರ್ಥ ಕೇಳಿದ್ದಕ್ಕೆ "ಸ್ಪಿರಿಟ್ ಥರ" ಅಂದಳು. ಅಜ್ಜಿಗೆ ಹಾಗೆ ಹೇಳಿದರೆ ದೆವ್ವ ಅಂದುಕೊಳ್ಳುತ್ತಾರೆ ಅಂತ ಸುಮ್ನಾದೆ.

ಕೊಡಚಾದ್ರಿಗಾಳಿ

ಅಜ್ಜಿ ಹೇಳಿದ್ದೇ ಸರಿ ಇರಬಹುದು! ವಿಯೆಟ್ನಾಂನಲ್ಲಿ ಹಿಂದೆ ಚಂಪಾ ರಾಜ್ಯ ಇತ್ತು, ಅವರು ಶಿವಭಕ್ತರು. ಮಿ ಸನ್ ಅನ್ನುವ ಜಾಗದಲ್ಲಿ ನಮ್ಮ ಪುರಾತತ್ವ ಇಲಾಖೆಯವರೇ ಕೆಲಸ ಮಾಡುವಾಗ 2020ರಲ್ಲಿ 9ನೇ ಶತಮಾನದ ಶಿವಲಿಂಗ ಸಿಕ್ಕಿದ್ದು ಪೇಪರಿನಲ್ಲಿ ಬಂದಿತ್ತು. ಲಿಂಗ್ ಅಂದರೆ ಲಿಂಗವೇ. ಬೇರೆ ಏನು ಇರುತ್ತೆ?

ಮೆಣಸಿನಬಳ್ಳಿ

ಶಿವಲಿಂಗ ಸಿಕ್ಕಿದ್ದು ನಿಜ. ಹೆಸರಿಗೂ ಅದಕ್ಕೂ ಸಂಬಂಧ ಇಲ್ಲ. ನಾನು ಮೂರು ವರ್ಷ ಹನೋಯ್‌ನಲ್ಲಿದ್ದೆ, ಅದೂ ಕಾಳುಮೆಣಸಿನ ವ್ಯಾಪಾರದ ಕಂಪನಿಯಲ್ಲಿ. ಊರಿನಲ್ಲಿ ಇದನ್ನು ಜೋರಾಗಿ ಹೇಳುವ ಹಾಗಿಲ್ಲ, ಮೆಣಸಿನ ರೇಟ್ ಬಿದ್ದಾಗಲೆಲ್ಲ ನನ್ನ ಕಡೆ ನೋಡುತ್ತಾರೆ.

ಚಂಪಾ ಕಟ್ಟಿದ ಚಾಮ್ ಜನರ ಭಾಷೆಯೇ ಬೇರೆ, ಅದು ಮಲಯ ಭಾಷೆಯ ನೆಂಟ. ಈ ಹುಡುಗಿಯ ಹೆಸರು ಚೀನಾದಿಂದ ಬಂದದ್ದು. ವಿಯೆಟ್ನಾಂನ ಉತ್ತರ ಭಾಗ ಹತ್ತಿರ ಹತ್ತಿರ ಸಾವಿರ ವರ್ಷ, 938ರವರೆಗೆ, ಚೀನಾದವರ ಕೈಯಲ್ಲಿತ್ತು. ನಮ್ಮಲ್ಲಿ ಹೆಸರಿಡುವಾಗ ಸಂಸ್ಕೃತಕ್ಕೆ ಕೈ ಹಾಕುತ್ತೇವಲ್ಲ, ಅವರು ಹಾಗೆ ಹಳೆ ಚೀನೀ ಪದಕ್ಕೆ ಕೈ ಹಾಕುತ್ತಾರೆ. ಈಗ ಬರೆಯುವ ಲಿಪಿ ಮಾತ್ರ ಪಾದ್ರಿಗಳು ತಂದ ರೋಮನ್ ಲಿಪಿ. ಅದರಲ್ಲಿ ಬರೆದ ನಿಘಂಟು 1651ರಲ್ಲೇ ರೋಮ್‌ನಲ್ಲಿ ಅಚ್ಚಾಗಿತ್ತು.

ಈಗ ಅರ್ಥ. ಸ್ಪಿರಿಟ್ ಅಂದರೆ ದೆವ್ವ ಅಲ್ಲ. ನಮ್ಮ ಕಡೆ ಅದಕ್ಕೆ ಸರಿಯಾದ ಮಾತು ಇದೆ: ಕಾರಣಿಕ. "ಆ ಚೌಡಿ ಭಾರಿ ಕಾರಣಿಕದ್ದು, ಹರಕೆ ಹೇಳಿದ್ರೆ ಹುಸಿ ಹೋಗಲ್ಲ" ಅಂತಾರಲ್ವಾ, ಆ ಕಾರಣಿಕ. ಹನೋಯ್‌ನಲ್ಲಿ ನಮ್ಮ ಓನರ್ ಅಮ್ಮ ಒಂದು ಗುಡಿ ತೋರಿಸಿ "ಡೆನ್ ನಯ್ ಲಿಂಗ್ ಲಮ್" ಅಂದಿದ್ದರು. ಈ ಗುಡಿ ಬಹಳ ಕಾರಣಿಕದ್ದು ಅಂತ. ಡ್ರ್ಯಾಗನ್, ಆಮೆ, ಫೀನಿಕ್ಸ್ ಹಕ್ಕಿ, ಕಿಲಿನ್ ಅನ್ನುವ ಕಾಲ್ಪನಿಕ ಪ್ರಾಣಿ, ಈ ನಾಲ್ಕನ್ನೂ ಸೇರಿಸಿ ಹೇಳುವಾಗಲೂ ಇದೇ ಪದ ಬರುತ್ತದೆ. ಅಲ್ಲಿ ಔಷಧಿಗೆ ಬಳಸುವ ಒಂದು ಅಣಬೆಯ ಹೆಸರಲ್ಲೂ ಇದೆ. ನಮ್ಮಲ್ಲಿ ಗ್ಯಾನೋಡರ್ಮಾ ಕಾಫಿಪುಡಿ ಅಂತ ಮನೆ ಮನೆಗೆ ಹೊತ್ತು ಬರುತ್ತಾರಲ್ಲ, ಅದೇ ಅಣಬೆ. ಕೊಳ್ಳಿ ಅಂತ ನಾನು ಹೇಳುತ್ತಿಲ್ಲ.

ನನಗೆ ಇಷ್ಟವಾದದ್ದು ಆ ಪದದ ಹಳೆ ಚೀನೀ ಅಕ್ಷರ. ಓನರ್ ಅಮ್ಮ ಟೀ ಚೆಲ್ಲಿದ ಮೇಜಿನ ಮೇಲೆ ಬೆರಳಲ್ಲೇ ಬರೆದು ತೋರಿಸಿದ್ದರು. ಮೇಲೆ ಮಳೆ. ನಡುವೆ ಮೂರು ಪುಟ್ಟ ಚೌಕ. ಕೆಳಗೆ ದೇವರು ಮೈಮೇಲೆ ಬರುವವರು, ಅಂದರೆ ನಮ್ಮ ಪಾತ್ರಿ. ಮಳೆ ಕೆಳಗೆ ಪಾತ್ರಿ ನಿಂತಿದ್ದಾನೆ! ಆಗುಂಬೆ ಪಕ್ಕದವರಿಗೆ ಇದಕ್ಕಿಂತ ಒಪ್ಪುವ ಹೆಸರು ಬೇಕಾ?

ಇನ್ನು ಪಾಸ್‌ಪೋರ್ಟ್. ಮೊದಲನೆಯದು ಮನೆತನದ ಹೆಸರು. ಅಲ್ಲಿ ಹತ್ತು ಜನರಲ್ಲಿ ಮೂರ್ನಾಲ್ಕು ಜನಕ್ಕೆ ಇದೇ ಹೆಸರು, ಹಾಗಾಗಿ ಅದರಿಂದ ಯಾರನ್ನೂ ಗುರುತು ಹಿಡಿಯಲಾಗುವುದಿಲ್ಲ. ಕೊನೆಯ ರಾಜವಂಶದ ಹೆಸರೂ ಅದೇ, 1802ರಿಂದ 1945ರವರೆಗೆ ಆಳಿದವರು. ಥಿ ಅನ್ನುವುದು ಹೆಣ್ಣುಮಕ್ಕಳ ಹೆಸರಿನ ನಡುವೆ ಬರುತ್ತದೆ, ಈಗಿನವರು ಬಿಡುತ್ತಿದ್ದಾರೆ. ಆ ಎರಡಕ್ಷರದ್ದು ಮೈ ಅಲ್ಲ, ಮಿ. ಮಿ ಅಂದರೆ ಚೆಂದ. ಮಿ ಸನ್ ಅಂದರೂ ಚೆಂದದ ಬೆಟ್ಟ ಅಂತಲೇ, ಕೊಡಚಾದ್ರಿಯವರಿಗೆ ಅಷ್ಟು ಸಂಬಂಧ ಸಿಕ್ಕಿತು, ಸಮಾಧಾನ ಮಾಡಿಕೊಳ್ಳಿ. ಅಮೆರಿಕಾ ದೇಶಕ್ಕೂ ಅವರು ಮಿ ಅನ್ನುತ್ತಾರೆ. ಅದು ಬೇರೆ ಕಥೆ. ಒಟ್ಟಿಗೆ ಮಿ ಲಿಂಗ್: ಚೆಂದ, ಕಾರಣಿಕ.

ಬರೆಯುವುದು ಹೇಗೆ? ಹನೋಯ್ ಕಡೆಯವಳಾದರೆ ಲಿಂಗ್‌ಗೆ ಹತ್ತಿರ, ಸೈಗಾನ್ ಕಡೆಯವಳಾದರೆ ಲಿನ್. ಒಂದನೇ ಕ್ಲಾಸಿನಲ್ಲಿ ಙ, ಞ ತಿದ್ದಿ ತಿದ್ದಿ ಆಮೇಲೆ ಎಲ್ಲೂ ಬಳಸಲಿಲ್ಲ ಅಲ್ವಾ, ಅವರ ಹೆಸರುಗಳಿಗೆ ಅವು ಬೇಕು. ಆ ಮನೆತನದ ಹೆಸರು ನ್ಗುಯೆನ್ ಅಲ್ಲ, ಙುಯೆನ್. ಲಿಂಗ್ ಅನ್ನುವಾಗ ಸ್ವರವನ್ನು ಮಾತ್ರ ಏರಿಸದೆ ಸಮ ಹೇಳಿ. ಏರಿಸಿದರೆ ಸಿಪಾಯಿ ಅಂತ ಅರ್ಥ ಬರುತ್ತದೆ.

ಅಜ್ಜಿಗೂ ಹೇಳಿ, "ಬಾ" ಅಂದರೆ ಅವರ ಭಾಷೆಯಲ್ಲಿ ಅಜ್ಜಿ ಅಂತಲೇ. ನಮ್ಮ ಹಾಗೇ ಅವರೂ ಹಿರಿಯರನ್ನು ಬರೀ ಹೆಸರು ಹಿಡಿದು ಕರೆಯುವುದಿಲ್ಲ. ನೀವು ಅವಳಿಗಿಂತ ದೊಡ್ಡವರಾದರೆ ನಿಮಗೆ "ಚಿ" ಅಂದಿರುತ್ತಾಳೆ. ಬೇಜಾರು ಮಾಡಿಕೊಳ್ಳಬೇಡಿ, ಅದು ಅಕ್ಕ.

ಹಳೇಮೇಷ್ಟ್ರು

ಚೆನ್ನಾಗಿ ಬಿಡಿಸಿ ಹೇಳಿದ್ದೀರಿ. ಒಂದು ಕೇಳಬೇಕು. ನಮ್ಮಲ್ಲಿ ಅಜ್ಜನ ಹೆಸರು ಮೊಮ್ಮಗನಿಗೆ ಬರುತ್ತದೆ. ನನ್ನದೂ ಅಜ್ಜನ ಹೆಸರೇ, ನಮ್ಮಜ್ಜಿ ಸಾಯುವವರೆಗೂ ನನ್ನ ಹೆಸರು ಹಿಡಿದು ಕರೆಯಲಿಲ್ಲ, ಗಂಡನ ಹೆಸರು ಹೇಳಿದ ಹಾಗಾಗುತ್ತದೆ ಅಂತ "ಮಾಣಿ" ಅಂತಲೇ ಕರೆದರು. ಅಲ್ಲಿಯೂ ಹೀಗೆ ಹೆಸರು ಇಳಿದು ಬರುತ್ತದಾ? ಇನ್ನೊಂದು, ಹುಟ್ಟಿದ ಮಕ್ಕಳು ಉಳಿಯದಿದ್ದರೆ ನಮ್ಮಲ್ಲಿ ಮುಂದಿನ ಮಗುವನ್ನು ತಿಪ್ಪೆ ಮೇಲೆ ಮಲಗಿಸಿ ಎತ್ತಿಕೊಂಡು ತಿಪ್ಪಯ್ಯ, ತಿಪ್ಪಮ್ಮ ಅಂತ ಇಡುತ್ತಿದ್ದರು. ಅಂಥದ್ದು ಉಂಟಾ?

ಮೆಣಸಿನಬಳ್ಳಿ

ಮೇಷ್ಟ್ರೇ, ಮೊದಲನೆಯದು ಪೂರ್ತಿ ಉಲ್ಟಾ. ತೀರಿಹೋದ ಹಿರಿಯರ ಹೆಸರನ್ನು ಮಗುವಿಗೆ ಇಡುವ ಹಾಗಿಲ್ಲ. ಮಗುವಿಗೆ ಗದರುವಾಗ ಅಜ್ಜನಿಗೇ ಗದರಿದ ಹಾಗಲ್ವಾ? ಹೆಸರಿಡುವ ಮೊದಲು ಎರಡೂ ಕಡೆಯ ಹಿರಿಯರ ಹೆಸರು ವಿಚಾರಿಸಿ, ಅವನ್ನೆಲ್ಲ ಬಿಟ್ಟು ಇಡುತ್ತಾರೆ. ನಿಮ್ಮಜ್ಜಿಗೆ ಈ ಪದ್ಧತಿ ಒಪ್ಪಿಗೆಯಾಗುತ್ತಿತ್ತು.

ಎರಡನೆಯದು ಉಂಟು. ಕೆಟ್ಟ ಹೆಸರಿನ ಮಗುವನ್ನು ಸಾಕುವುದು ಸುಲಭ ಅಂತ ಗಾದೆಯೇ ಇದೆ. ಒಳ್ಳೆ ಹೆಸರು ಕೇಳಿದರೆ ಭೂತಪ್ರೇತದ ಕಣ್ಣು ಬೀಳುತ್ತದೆ ಅಂತ ಮನೆಯಲ್ಲಿ ಒಂದು ಒರಟು ಹೆಸರು. ಈಗ ಅದು ಮುದ್ದಿನ ಹೆಸರಾಗಿದೆ. ನಮ್ಮ ಪಕ್ಕದ ಮನೆ ಹುಡುಗನನ್ನು ನಾಯಿಮರಿ ಅಂತ ಕರೆಯುತ್ತಿದ್ದರು. ಮದುವೆಯಾದರೂ ಹೆಣ್ಣುಮಕ್ಕಳು ಮನೆತನದ ಹೆಸರು ಬದಲಾಯಿಸುವುದಿಲ್ಲ, ಅದೂ ಗೊತ್ತಿರಲಿ.

ತುಂಗೆದಡ

ಎಲ್ಲರಿಗೂ ಥ್ಯಾಂಕ್ಸ್. ಅವಳನ್ನೇ ಕೇಳಿದೆ, ಊರು ಹನೋಯ್ ಹತ್ತಿರ. ಹೆಸರನ್ನು ಮೂರು ಸಲ ಹೇಳಿ ವಾಯ್ಸ್ ಮೆಸೇಜ್ ಕಳಿಸಿದ್ದಳು. ಫೋನನ್ನು ಅಜ್ಜಿಯ ಕಿವಿಗೆ ಹಿಡಿದೆ. ಅಜ್ಜಿ ಕವಳ ಒಂದು ಕೆನ್ನೆಗೆ ಸರಿಸಿ, "ಅದೇ ಅಲ್ದನಾ ನಾನು ಹೇಳಿದ್ದು" ಅಂದರು. ಕಾರಣಿಕ ಅಂತ ಅರ್ಥ ಹೇಳಿದ್ದಕ್ಕೆ ಸ್ವಲ್ಪ ಹೊತ್ತು ಮಾತೇ ಆಡಲಿಲ್ಲ. ಆಮೇಲೆ, ಆ ಹುಡುಗಿ ಬಂದು ಹೋದ ಮಾರನೇ ದಿನವೇ ಬತ್ತಿದ್ದ ಹಸು ಗಬ್ಬ ನಿಂತಿದೆ ಅಂತ ಡಾಕ್ಟ್ರು ಹೇಳಿದ್ದು ಅಂತ ನೆನಪು ಮಾಡಿಕೊಂಡರು. ಇನ್ನು ಇದು ಊರೆಲ್ಲ ಹಬ್ಬುತ್ತದೆ.

ಅಜ್ಜಿಯ ಎಲೆಅಡಿಕೆ ತಟ್ಟೆ ನೋಡಿ ಅವಳು ಯಾಕೆ ಅಷ್ಟು ಖುಷಿಪಟ್ಟಳು ಅಂತಲೂ ಈಗ ಗೊತ್ತಾಯಿತು. ಅವಳ ಅಜ್ಜಿಯೂ ಹಾಕುತ್ತಿದ್ದರಂತೆ, ಮಾತು ಶುರುವಾಗುವುದೇ ಕವಳದಿಂದ ಅಂತ ಅವರಲ್ಲಿ ಗಾದೆ ಇದೆಯಂತೆ.

ಚಿತ್ತಾರದವರಿಗೆ "ಮಿ ಲಿಂಗ್" ಅಂತ ಚೀಟಿಯಲ್ಲಿ ಬರೆದು ಕೊಟ್ಟಿದ್ದೇನೆ. ಫ್ರೇಮ್ ಹಾಕಿಸಿಯೇ ಕೊಡಬೇಕಾ?

ಕೊಡಚಾದ್ರಿಗಾಳಿ

ಫ್ರೇಮ್ ಬೇಡ, ವಿಮಾನದಲ್ಲಿ ಗಾಜು ಉಳಿಯಲ್ಲ. ಬಟ್ಟೆ ಮೇಲೆ ಬರೆಸಿ, ಸುತ್ತಿ ಪಿವಿಸಿ ಪೈಪಿನೊಳಗೆ ಹಾಕಿ ಕೊಡಿ. ತೋಟದ ಪೈಪ್ ತುಂಡು ಇದ್ದೇ ಇರುತ್ತಲ್ಲ.