ದೊಡ್ಡಪ್ಪ ಕಳಿಸಿದ ಚಿಂಬೊರಾಜೊ

ದೊಡ್ಡಪ್ಪ (ಫಾರ್ವರ್ಡ್, ಜೊತೆಗೆ ಒಂದು ಪರ್ವತದ ಫೋಟೋ): ಶಾಲೇಲಿ ಕಲಿತದ್ದು ಸುಳ್ಳು!! ಪ್ರಪಂಚದ ಅತಿ ಎತ್ತರದ ಪರ್ವತ ಎವರೆಸ್ಟ್ ಅಲ್ಲ, ಇಕ್ವೆಡಾರಿನ ಚಿಂಬೊರಾಜೊ. ಎಲ್ಲರಿಗೂ ಕಳಿಸಿ 🙏

ಭಾವ: ಚಿಂಬೊರಾಜೊ 6263 ಮೀಟರ್, ಎವರೆಸ್ಟ್ 8848.86. ಅದಿರೋ ದಕ್ಷಿಣ ಅಮೆರಿಕದ ಆಂಡೀಸ್ ಸಾಲಲ್ಲೇ ಅಕೊಂಕಾಗುವಾ ಶಿಖರ ಇದಕ್ಕಿಂತ ಎತ್ತರ ಇದೆ. ಪ್ರಪಂಚದ ಮಾತು ಆಮೇಲೆ.

ಚಿಕ್ಕಮ್ಮ: ಅದು ಸಮುದ್ರಮಟ್ಟದ ಲೆಕ್ಕ. ಭೂಮಿ ಹೊಟ್ಟೆ ಉಬ್ಬಿದ ಉಂಡೆ. ಸಮಭಾಜಕದಲ್ಲಿ ತ್ರಿಜ್ಯ 6378 ಕಿ.ಮೀ., ಧ್ರುವದಲ್ಲಿ 6357. ಚಿಂಬೊರಾಜೊ ಸಮಭಾಜಕದಿಂದ ಬರೀ ಒಂದೂವರೆ ಡಿಗ್ರಿ ದಕ್ಷಿಣಕ್ಕೆ, ಎವರೆಸ್ಟ್ 28 ಡಿಗ್ರಿ ಉತ್ತರಕ್ಕೆ. ಭೂಕೇಂದ್ರದಿಂದ ಅಳೆದ್ರೆ ಚಿಂಬೊರಾಜೊ ತುದಿ 6384.4 ಕಿ.ಮೀ., ಎವರೆಸ್ಟ್ 6382.3. ಎರಡು ಕಿಲೋಮೀಟರ್ ಮುಂದೆ!

ಭಾವ: ಹಂಗಾದ್ರೆ ಅಮೆರಿಕದ ಮಿಸಿಸಿಪ್ಪಿ ನದಿ ಮೇಲಕ್ಕೆ ಹತ್ತುತ್ತೆ ಅಂತಾಯ್ತು. ಅದು ಸಮುದ್ರ ಸೇರೋ ಜಾಗ ಮೂಲಕ್ಕಿಂತ ಭೂಕೇಂದ್ರದಿಂದ ದೂರ ಇದೆ. ನೀರು ಯಾವ ಕಡೆ ಇಳಿಯುತ್ತೋ ಅದೇ ತಗ್ಗು. ಅಲ್ಲಿಂದಲೇ ಎತ್ತರ ಅಳೀಬೇಕು.

ಚಿಕ್ಕಮ್ಮ: ಸರಿ, 'ಎತ್ತರ' ಬೇಡ, 'ಕೇಂದ್ರದಿಂದ ಅತಿ ದೂರ' ಅನ್ನಿ. ಅದರಲ್ಲೂ ಪೆರುವಿನ ಹುವಾಸ್ಕರಾನ್ ಪರ್ವತ ಹತ್ತಾರು ಮೀಟರ್ ಅಷ್ಟೇ ಹಿಂದೆ.

ಪುಟ್ಟ: ಯಾರೂ ಫೋಟೋ ನೋಡ್ಲಿಲ್ವಾ? ಅದು ಇಕ್ವೆಡಾರಿನದೇ ಇನ್ನೊಂದು ಜ್ವಾಲಾಮುಖಿ, ಕೊಟೊಪಾಕ್ಸಿ. ಚೂಪು ಶಂಕು, ತುದೀಲಿ ಕುಳಿ, 5897 ಮೀಟರ್, ಆಂಡೀಸಿನ ಪೂರ್ವ ಸಾಲಿನದು. ಚಿಂಬೊರಾಜೊ ಪಶ್ಚಿಮ ಸಾಲಿನದು, ಅಗಲ ಗುಡ್ಡೆ, ನೆತ್ತಿ ಮೇಲೆ ನಾಲ್ಕೈದು ಶಿಖರ. ಕೊನೇ ಸಲ ಸಿಡಿದು ಸಾವಿರ ವರ್ಷದ ಮೇಲಾಯ್ತು.

ಚಿಕ್ಕಮ್ಮ: ಕೊಟೊಪಾಕ್ಸಿ ಹಂಗಲ್ಲ. 1877ರಲ್ಲಿ ಕಾದ ಬೂದಿ, ಕಲ್ಲು ಹಿಮನದಿ ಮೇಲೆ ಹರಿದು ಮಂಜು ಕರಗಿಸ್ತು. ಆ ಕೆಸರು ಕಣಿವೆ ಹಿಡಿದು 100 ಕಿ.ಮೀ.ಗಿಂತ ದೂರ, ಪೆಸಿಫಿಕ್ ತನಕ ಹೋಯ್ತು. 2015ರಲ್ಲೂ ಬೂದಿ ಉಗುಳಿದೆ. ಈಗ ರಾಜಧಾನಿ ಕೀಟೊ ಪಕ್ಕದ ಚಿಲ್ಲೋಸ್ ಕಣಿವೆ ತುಂಬ ಮನೆ. ಲಾವಾ ನಿಧಾನ, ಓಡಿ ತಪ್ಪಿಸ್ಕೋಬಹುದು. ಕೆಸರಿಗೆ ಸಿಕ್ಕರೆ ಇಲ್ಲ.

ದೊಡ್ಡಪ್ಪ: ಚಿಂಬೊರಾಜೊ ಹತ್ತೋದು ಸುಲಭ ಅಂತಲೂ ಬರೆದಿದ್ದಾರೆ.

ಭಾವ: ಸುಲಭ ಅಂತೆ! ಗಾಡಿ 4800 ಮೀಟರ್ ತನಕ ಹೋಗುತ್ತೆ, ಅದಕ್ಕೆ ಹಂಗನ್ಸುತ್ತೆ. ನಡುರಾತ್ರಿಗೆ ಮುಂಚೆಯೇ ಹೊರಡಬೇಕು. ಬಿಸಿಲು ಬಿದ್ದರೆ ಕಲ್ಲು ಹಿಡಿದಿರೋ ಮಂಜು ಸಡಿಲ ಆಗಿ ಕಲ್ಲು ತಲೆ ಮೇಲೆ ಉರುಳುತ್ತೆ. 1802ರಲ್ಲಿ ಜರ್ಮನ್ ವಿಜ್ಞಾನಿ ಹುಂಬೋಲ್ಟ್ ಅಂಥವನೇ ತುದಿ ಮುಟ್ಟದೆ ವಾಪಸ್ ಬಂದ. ಮೊದಲು ಹತ್ತಿದ್ದು 1880ರಲ್ಲಿ ಇಂಗ್ಲಿಷ್ ಪರ್ವತಾರೋಹಿ ವಿಂಪರ್ ತಂಡ.

ದೊಡ್ಡಪ್ಪ: ಆಗ್ಲೇ ಮೂರು ಗುಂಪಿಗೆ ಕಳಿಸಾಯ್ತಲ್ಲ.

ಪುಟ್ಟ: ಫೋಟೋ ಆದ್ರೂ ಬದಲಾಯ್ಸಿ ದೊಡ್ಡಪ್ಪ.